ದಾನಪ್ಪ ಕೊನೆಗೆ ಏನೆಂದ

ನನ್ನ ಗೆಳೆಯ ದಾನಪ್ಪ ಕೊಲೆಯಾದದ್ದು ಒಂದು ಸ್ಟೂಲಿನ ಸಲುವಾಗಿ. ಇಷ್ಟು ಹೇಳಿದರೆ ಯಾರಿಗೂ ಸಮಾಧಾನವಾಗುವುದಿಲ್ಲ. ಈ ಮೂರು ವರ್ಷದಲ್ಲಿ ಕಡಿಮೆಯೆಂದರೂ ಇನ್ನೂರು ಮಂದಿಗೆ ಇದನ್ನು ಹೇಳಿದ್ದೇನೆ. ಸ್ಟೂಲಿನ ಮಾತು ಬಂದ ಕೂಡಲೇ ಎಲ್ಲರೂ ತಲೆ ಆಡಿಸುವುದನ್ನು ನಿಲ್ಲಿಸಿ, ದನಿ ತಗ್ಗಿಸಿ, "ಅದು ಹೋಗ್ಲಿರಿ, ಖರೇ ಕಾರಣ ಏನು?" ಎಂದು ಕೇಳಿದ್ದಾರೆ. ಜಮೀನು, ಹೆಣ್ಣು, ರಾಜಕಾರಣ, ಮಾಟ, ಇವುಗಳಲ್ಲಿ ಒಂದಾದರೂ ಇಲ್ಲದ ಕೊಲೆಯನ್ನು ನಮ್ಮ ಜನ ಕೊಲೆಯೆಂದು ಒಪ್ಪುವುದಿಲ್ಲ. ದಾನಪ್ಪನ ಹೆಂಡತಿ ಚಂದ್ರವ್ವನಿಗೆ ಇವುಗಳಲ್ಲಿ ಯಾವುದನ್ನೂ ಒದಗಿಸಲು ಆಗಲಿಲ್ಲ. ಅದು ಅವಳ ಮೊದಲ ತಪ್ಪು.

ದಾನಪ್ಪ ಸಿಂದಗಿ ಕಡೆಯವನು. ಮುಂಬೈಯ ಬೈಕುಲ್ಲಾದ ತರಕಾರಿ ಮಾರ್ಕೆಟಿನ ಹಿಂದೆ ಸಾಲಾಗಿ ತಗಡಿನ ಮಾಡಿನ ಗಾಳೆಗಳಿವೆ. ಗಾಳಾ ಎಂದರೆ ಒಂದು ಶಟರು, ಒಂದು ಬಲ್ಬು, ಉಸಿರಾಡಲು ಜಾಗವಿಲ್ಲದ ಒಂದು ಕೋಣೆ. ಅಂಥ ಒಂದರಲ್ಲಿ ಅವನು ಇಪ್ಪತ್ತೆಂಟು ವರ್ಷ ತಕ್ಕಡಿ ರಿಪೇರಿ ಮಾಡಿದ. ನಾನು ಬ್ಯಾಂಕಿಗೆ, ಅವನು ಗಾಳೆಗೆ, ಇಬ್ಬರೂ ಸಯನ್ನಿನಿಂದ ಒಂದೇ ಲೋಕಲ್‌ನಲ್ಲಿ ಹೋಗುತ್ತಿದ್ದೆವು. ಕಣ್ಣಿಗೆ ಬಿದ್ದದ್ದನ್ನೆಲ್ಲ ತೂಗುವುದು ಅವನ ಚಟ. ಮಿಠಾಯಿ ಅಂಗಡಿಯವನು ಡಬ್ಬಿ ಸಮೇತ ತೂಗಿದರೆ ಅಲ್ಲೇ ಜಗಳ. ಮಗಳು ರೂಪಾಲಿಯನ್ನು ಪ್ರತಿ ಹುಟ್ಟುಹಬ್ಬಕ್ಕೆ ಮೂಟೆ ತೂಗುವ ಕಾಟಾದ ಮೇಲೆ ನಿಲ್ಲಿಸಿ, ತೂಕವನ್ನು ಗೋಡೆಯ ಮೇಲೆ ಸೀಸದ ಕಡ್ಡಿಯಿಂದ ಬರೆಯುತ್ತಿದ್ದ. ಹದಿನೇಳನೆಯ ವರ್ಷ ಅವಳು "ಪಪ್ಪಾ, ನಾನು ಬಟಾಟೆ ಅಲ್ಲ" ಎಂದಮೇಲೆ ಅದು ನಿಂತಿತು. ನನ್ನನ್ನೂ ಹತ್ತಿಸಿದ್ದ. "ಲೇ, ಅಷ್ಟ ಪುಸ್ತಕ ಓದೀದಿ, ಒಂದು ಕಿಲೋನೂ ಹೆಚ್ಚಾಗಿಲ್ಲಲ್ಲೋ ನೀ!" ಎಂದು ಸಾಲಿನ ಗಾಳೆಯವರಿಗೆಲ್ಲ ಕೇಳುವಂತೆ ಹೇಳಿದ್ದ. ನಾಲಿಗೆ ಹರಿತ, ಹಟ ಜಾಸ್ತಿ. ತನ್ನ ಜೋಕಿಗೆ ತಾನೇ ಮೊದಲು ನಗುವವನು.

ಪಕ್ಕದ ಗಾಳೆಯಲ್ಲಿ ಸಂದೀಪ ಎಂಬವನು ಮೋಟರು ವೈಂಡಿಂಗ್ ಮಾಡುತ್ತಿದ್ದ. ಮಧ್ಯಾಹ್ನ ತಗಡು ಕಾದಾಗ ದಾನಪ್ಪ ಸ್ಟೂಲನ್ನು ಹೊರಗೆ, ಇಬ್ಬರ ಗಾಳೆಯ ನಡುವಿನ ದಾರಿಯಲ್ಲಿ ಹಾಕಿ ಕೂರುತ್ತಿದ್ದ. ಸಂದೀಪನ ಕೈಗಾಡಿ ಒಳಗೆ ಹೋಗಲು ಅದು ಅಡ್ಡ. ಹನ್ನೊಂದು ವರ್ಷ ದಿನವೂ ಇಬ್ಬರೂ ಸ್ಟೂಲಿಗಾಗಿ ಜಗಳಾಡಿದರು; ಹನ್ನೊಂದು ವರ್ಷ ದಿನವೂ ನಾಲ್ಕು ಗಂಟೆಗೆ ಒಂದೇ ಕಟಿಂಗ್ ಚಹಾವನ್ನು ಇಬ್ಬರೂ ಹಂಚಿಕೊಂಡರು. ಮೇ ತಿಂಗಳ ಒಂದು ದಿನ ಮೂರು ಗಂಟೆಗೆ, ಚಹಾಕ್ಕೆ ಇನ್ನೂ ಒಂದು ತಾಸಿರುವಾಗ, ಸಂದೀಪ ಸ್ಟೂಲನ್ನು ಒದ್ದ, ದಾನಪ್ಪ ಅವನನ್ನು ದಬ್ಬಿದ, ಸಂದೀಪ ದಾನಪ್ಪನದೇ ಮೇಜಿನ ಮೇಲಿದ್ದ ಐದು ಕಿಲೋ ತೂಕದ ಕಬ್ಬಿಣದ ಬಟ್ಟನ್ನು ಎತ್ತಿ ತಲೆಗೆ ಹೊಡೆದ. ಕಾರಣ ಇಷ್ಟೇ. ಇದಕ್ಕಿಂತ ದೊಡ್ಡದೇನಾದರೂ ಇದ್ದಿದ್ದರೆ ನಾನೂ ಹೇಳುತ್ತಿದ್ದೆ.

ಕೋಸುಗಡ್ಡೆ ಸಾಗಿಸುವ ಟೆಂಪೋದಲ್ಲಿ ಅವನನ್ನು ಆಸ್ಪತ್ರೆಗೆ ಒಯ್ದರು. ಚಂದ್ರವ್ವ ಟ್ಯಾಕ್ಸಿ ಹಿಡಿದು ಮುಟ್ಟಿದಾಗ ಇನ್ನೂ ಎಚ್ಚರವಿದ್ದ. ಅವಳ ಮುಖ ನೋಡಿದ. "ಚಪ್ಪಲಿ ಅಲ್ಲೇ ಬಿಟ್ಟ ಬಂದೀನಿ. ಹೊಸಾವ," ಅಂದ. ಆಮೇಲೆ ಕಣ್ಣು ಮುಚ್ಚಿದ. ಅರ್ಧ ತಾಸಿನಲ್ಲಿ ಹೋದ. ನಾನು ಹೋಗಿ ನಿಂತಾಗ ಚಂದ್ರವ್ವ ಆಸ್ಪತ್ರೆಯ ಬೆಂಚಿನ ಮೇಲೆ ಕೂತಿದ್ದಳು. ಅವನು ಏನೆಂದನೆಂದು ಅವಳು ಹೇಳಿದ್ದು ಮೊದಲು ನನಗೆ, ಆಮೇಲೆ ಪೊಲೀಸರಿಗೆ. ಅವರು ಅದನ್ನು ಬಯಾನಿನಲ್ಲಿ, ಎಂದರೆ ಅವಳ ಹೇಳಿಕೆಯಲ್ಲಿ, ಬರೆದುಕೊಂಡರು.

ಇನ್ನು ನಮ್ಮ ಕಡೆಯ ಪದ್ಧತಿಯೊಂದನ್ನು ಹೇಳಬೇಕು. ಸತ್ತವರ ಮನೆಗೆ ನಾವು ಸಂತಾಪ ಸೂಚಿಸಲು ಹೋಗುವುದಿಲ್ಲ, "ಮಾತಾಡಿಸಲು" ಹೋಗುತ್ತೇವೆ. ಬಂದವರು ಕೂರಬೇಕು, ನೀರು ಕುಡಿಯಬೇಕು, "ಹೆಂಗಾತವ್ವಾ?" ಎಂದು ಕೇಳಬೇಕು. ಮನೆಯವರು ಮೊದಲಿನಿಂದ ಕೊನೆಯವರೆಗೆ ಎಲ್ಲವನ್ನೂ ಹೇಳಬೇಕು. ಬೆಳಗ್ಗೆ ಏನು ತಿಂದಿದ್ದರು, ಹೋಗುವಾಗ ಹೊರಳಿ ನೋಡಿದರೋ ಇಲ್ಲವೋ, ಕೊನೆಗೆ ಏನೆಂದರು. ಹೇಳುತ್ತಾ ಅಳಬೇಕು, ಕೇಳುತ್ತಾ ಅಳಬೇಕು. ಅಷ್ಟರಲ್ಲಿ ಮತ್ತೊಬ್ಬರು ಬರುತ್ತಾರೆ, ಮತ್ತೆ ಮೊದಲಿನಿಂದ. ಹಳ್ಳಿಯಲ್ಲಿ ಸಹಜವಾಗಿ ಸತ್ತವರಿಗೆ ಇದು ಒಳ್ಳೆಯ ಮದ್ದು: ಹೇಳಿ ಹೇಳಿ ದುಃಖ ಸವೆಯುತ್ತದೆ. ಹೊರಡುವಾಗ "ಬರ್ತೀವಿ" ಎನ್ನಬಾರದು, ಸುಮ್ಮನೆ ಎದ್ದು ಹೋಗಬೇಕು. ನಮ್ಮವರು ಸುಮ್ಮನೆ ಎದ್ದು ಹೋಗಿ ಮುಂದಿನ ಭಾನುವಾರ ಇನ್ನೂ ನಾಲ್ವರನ್ನು ಕರೆದುಕೊಂಡು ಬರುತ್ತಿದ್ದರು. ಹೃದಯಾಘಾತದ ಮನೆಗೆ ಒಂದೇ ಸಲ ಹೋಗುವ ಜನ ಕೊಲೆಯ ಮನೆಗೆ ಮೂರು ಸಲ ಬಂದರು. ಕಲ್ಯಾಣದಿಂದ, ಡೊಂಬಿವಲಿಯಿಂದ, ದಾನಪ್ಪನನ್ನು ಒಮ್ಮೆ ಮದುವೆಯಲ್ಲಿ ದೂರದಿಂದ ನೋಡಿದವರು ಕೂಡ.

ಇವರೆಲ್ಲರ ಮೇಲ್ವಿಚಾರಣೆ ಹನುಮವ್ವನದು. ದಾನಪ್ಪನ ದೊಡ್ಡಪ್ಪನ ಮಗಳು, ದಹಿಸರ್‌ನಲ್ಲಿ ವಾಸ. ಎಪ್ಪತ್ತು ವರ್ಷದಲ್ಲಿ ನೂರಾರು ಸಾವಿನ ಮನೆ ಕಂಡವಳು. ಯಾರು ಎಷ್ಟು ಅತ್ತರು, ಯಾರು ಬುತ್ತಿ ತಂದರು, ಯಾರು ಬರಿಗೈಯಲ್ಲಿ ಬಂದು ಎರಡು ಕಪ್ ಚಹಾ ಕುಡಿದರು, ಎಲ್ಲವೂ ಅವಳಿಗೆ ನೆನಪು. ಮೂರನೆಯ ದಿನ ಚಂದ್ರವ್ವ ಬಂದವರಿಗೆ ಹೇಳುತ್ತಾ ಹೇಳುತ್ತಾ ಚಪ್ಪಲಿಯ ಮಾತಿಗೆ ಬಂದಾಗ ಹನುಮವ್ವ ತಡೆದಳು.

"ಏ ಚಂದ್ರಿ, ಅದೇನ ಹಚ್ಚೀದಿ? ಸಾಯೂ ಮನಶ್ಯಾ ಚಪ್ಪಲಿ ಮಾತಾಡ್ತಾನೇನ?"

"ಅದನ್ನ ಅಂದ್ರವ್ವಾ. ಮತ್ತೇನ ಅನ್ನಲಿಲ್ಲ."

"ಮಕ್ಕಳ ಹೆಸರ ತಗೊಂಡಿರ್ತಾನ. ಗದ್ದಲದಾಗ ನಿನಗ ಕೇಳಿಸಿಲ್ಲ. ನಮ್ಮಪ್ಪ ಸಾಯೂ ಮುಂದ ಆರೂ ಮಕ್ಕಳ ಹೆಸರ ಹೇಳಿದಾ, ಒಂದೂ ತಪ್ಪಲಿಲ್ಲ."

ಬಂದಿದ್ದ ಹೆಂಗಸರು ಹನುಮವ್ವನ ಕಡೆ ನೋಡಿ ಹೌದೆಂದರು. ಅವರು ಡೊಂಬಿವಲಿಯಿಂದ ಎರಡು ಗಾಡಿ ಬದಲಿಸಿ ಬಂದದ್ದು ಚಪ್ಪಲಿಗಾಗಿ ಅಲ್ಲ.

ಅಂದು ಸಂಜೆ ಚಂದ್ರವ್ವ ನನ್ನನ್ನು ಅಡುಗೆಮನೆಯ ಬಾಗಿಲಿಗೆ ಕರೆದಳು. "ಅಣ್ಣಾರ, ನನ್ನ ಕಡೆ ಇನ್ನ ಹೇಳೂದ ಆಗೂದಿಲ್ರಿ. ನೀವು ಓದಿದಾರು. ನೀವ ಹೇಳ್ರಿ, ನಾ ಬಾಜೂಕ ಕುಂದರ್ತೀನಿ." ನಾನು ಒಪ್ಪಿದೆ. ಅದು ನನ್ನ ಮೊದಲ ತಪ್ಪು. ಅವಳದಕ್ಕಿಂತ ದೊಡ್ಡದು.

ಮೊದಲು ನಾನು ಸುಳ್ಳೇನೂ ಹೇಳಲಿಲ್ಲ. ಚಪ್ಪಲಿಯನ್ನು ಬಿಟ್ಟೆ, ಅಷ್ಟೇ. "ಏನೋ ಅಂದಾ, ಸ್ಪಷ್ಟ ಕೇಳಲಿಲ್ಲ" ಎಂದು ಮುಗಿಸುತ್ತಿದ್ದೆ. ಖಾಲಿ ಬಿಟ್ಟ ಜಾಗ ನಮ್ಮಲ್ಲಿ ಖಾಲಿ ಉಳಿಯುವುದಿಲ್ಲ. ಅದನ್ನು ಮುಂಬೈಯಲ್ಲಿ ಮೂವತ್ತೈದು ವರ್ಷ ಇದ್ದ ನಾನು ತಿಳಿದಿರಬೇಕಿತ್ತು. ಎರಡನೆಯ ಭಾನುವಾರ ಆ ಜಾಗದಲ್ಲಿ ಹನುಮವ್ವ "ರೂಪಾಲಿ" ಎಂಬ ಹೆಸರನ್ನು ಕೂರಿಸಿದಳು. ನಾನು ಅಲ್ಲಗಳೆಯಲಿಲ್ಲ. ಮೂರನೆಯ ಭಾನುವಾರಕ್ಕೆ ಅದು "ರೂಪಾಲಿ ಲಗ್ನ ಮಾಡು" ಎಂದಾಯಿತು. ಬಂದವರು ಅಲ್ಲಿ ಸರಿಯಾಗಿ ಅತ್ತರು. ನಾನೂ ನಿಲ್ಲಿಸಬೇಕಾದಲ್ಲಿ ನಿಲ್ಲಿಸಿ, ಕನ್ನಡಕ ತೆಗೆದು ಒರೆಸಿಕೊಳ್ಳುತ್ತಿದ್ದೆ.

ಅದಾಗಿ ಹದಿನೈದು ದಿನದಲ್ಲಿ ಡೊಂಬಿವಲಿಯಿಂದ ವರನ ಕಡೆಯವರು ಬಂದರು, "ತಂದಿ ಕೊನೀ ಆಸೆ" ಎಂದು ಹೇಳಿಕೊಂಡು. ಆಗ ರೂಪಾಲಿಗೆ ಇಪ್ಪತ್ತೆರಡು, ಲ್ಯಾಬ್ ಒಂದರಲ್ಲಿ ರಕ್ತ ಪರೀಕ್ಷೆಯ ಕೆಲಸ. ಅವರು ಹೋದಮೇಲೆ ನನ್ನ ಎದುರು ಬಂದು ನಿಂತಳು. ಮುಂಬೈಯಲ್ಲೇ ಬೆಳೆದವಳು, ಅವಳ ಮಾತಿನಲ್ಲಿ ಅರ್ಧ ಮರಾಠಿ.

"ಕಾಕಾ, ಪಪ್ಪಾ ಲಗ್ನಾಚಾ ವಿಷಯ್ ಯಾವಾಗ ಹೇಳಿದ್ರು? ಮಮ್ಮಿಗೆ ಕೇಳಿದ್ರೆ ಸುಮ್ಮನೆ ಅಳ್ತಾಳೆ. ಪಪ್ಪಾ ನನಗೆ ಹೇಳ್ತಿದ್ರು, ಮೊದಲು ಪಿಎಚ್‌ಡಿ ಮಾಡು, ನಂತರ್ ಬಘೂ. ನೀವೇ ಸಾಂಗಾ, ಯಾರು ಬರೆದ್ರು ಈ ಡೈಲಾಗ್?"

"ಹಿರಿಯರು ಹೇಳ್ತಾರಮ್ಮಾ, ಅದಕ್ಕ ಅರ್ಥ..." ಎಂದು ನಾನು ಏನೋ ತೊದಲಿದೆ.

"ಅರ್ಥ ನಕೋ ಕಾಕಾ. ರಿಪೋರ್ಟ್ ಬೇಕು. ನಮ್ಮ ಲ್ಯಾಬ್‌ನಲ್ಲಿ ಹೀಗೆ ಮಾಡಿದ್ರೆ ನೋಕರೀ ಜಾತೇ," ಎಂದು ಹೇಳಿ ಒಳಗೆ ಹೋದಳು.

ಅಷ್ಟರಲ್ಲಿ ನಮ್ಮ ಕನ್ನಡ ಸಂಘದ ಶ್ರದ್ಧಾಂಜಲಿ ಸಭೆ. ಅಧ್ಯಕ್ಷ ಶೆಟ್ಟೆಪ್ಪನವರು ಮಾತು ಶುರುಮಾಡಿದ್ದೇ "ನಮ್ಮ ದಾನಪ್ಪ ಅಜಾತಶತ್ರು" ಎಂದು. ಐದು ಕಿಲೋ ಬಟ್ಟಿನಿಂದ ಹೊಡೆಸಿಕೊಂಡು ಸತ್ತವನನ್ನು ಅಜಾತಶತ್ರು ಎನ್ನಲು ಎದೆ ಬೇಕು. ಆಮೇಲೆ ಬಂದವರು ಅವನನ್ನು ಮೃದುಭಾಷಿ ಎಂದರು, ಮಿತಭಾಷಿ ಎಂದರು, ಕನ್ನಡಕ್ಕಾಗಿ ಜೀವ ತೇದವನು ಎಂದರು. ಅವನು ಸಂಘಕ್ಕೆ ಬಂದದ್ದು ಎರಡೇ ಸಲ, ಎರಡೂ ಸಲ ಊಟಕ್ಕೆ. ವೇದಿಕೆಯ ಫ್ಲೆಕ್ಸಿನಲ್ಲಿ ಶೆಟ್ಟೆಪ್ಪನವರ ಫೋಟೋ ದೊಡ್ಡದು, ದಾನಪ್ಪನದು ಪಾಸ್‌ಪೋರ್ಟ್ ಸೈಜು. ಚಂದ್ರವ್ವ ಮುಂದಿನ ಸಾಲಿನಲ್ಲಿ ಯಾರದೋ ಗಂಡನ ಸಭೆಗೆ ಬಂದವಳಂತೆ ಕೂತಿದ್ದಳು. ಕೊನೆಗೆ ನನ್ನ ಸರದಿ ಬಂತು.

ಹೇಳುವುದಕ್ಕೆ ನಾಚಿಕೆಯಾಗುತ್ತದೆ. ಸಭೆ ತುಂಬಿತ್ತು, ಎಲ್ಲರೂ ನನ್ನ ಬಾಯಿ ನೋಡುತ್ತಿದ್ದರು. ಮದುವೆಯ ಮಾತು ಆಗಲೇ ಹಳತಾಗಿತ್ತು. ಪುಸ್ತಕಗಳಲ್ಲಿ ಜನ ಸಾಯುವುದನ್ನು ನಾನು ಬೇಕಾದಷ್ಟು ಸಲ ಓದಿದ್ದೇನೆ. ಹೇಗೆ ಸಾಯಬೇಕೆಂದು ನನಗೆ ಗೊತ್ತಿತ್ತು. "ಅವನು ಹೆಂಡತಿಯ ಕೈ ಹಿಡಿದು ಹೇಳಿದ: ಸಂದೀಪ ಹೊಡೆದ. ಅವನನ್ನು ಬಿಡಬೇಡ." ಶೆಟ್ಟೆಪ್ಪನವರು ಎದ್ದು ಬಂದು ನನ್ನನ್ನು ಅಪ್ಪಿಕೊಂಡರು. ನಾನು ಚಂದ್ರವ್ವನ ಕಡೆ ನೋಡಲಿಲ್ಲ.

ಅಲ್ಲಿಂದ ಮುಂದೆ ಇದೇ ಖಾಯಂ ಆಯಿತು. ಹನುಮವ್ವ ನನ್ನ ವಾಕ್ಯವನ್ನು ಕೇಳಿದ್ದೇ ತನ್ನದು ಮಾಡಿಕೊಂಡಳು, ತಾನೇ ಹಾಸಿಗೆಯ ಪಕ್ಕ ನಿಂತಿದ್ದಂತೆ ಹೇಳತೊಡಗಿದಳು. ಅವಳು ಅಂದು ದಹಿಸರ್‌ನಲ್ಲಿ ಉಪ್ಪಿನಕಾಯಿ ಹಾಕುತ್ತಿದ್ದಳು. ಒಂದು ದಿನ ಯಾವುದೋ ಕಾಗದಕ್ಕೆ ಸಹಿ ಹಾಕಿಸಿಕೊಳ್ಳಲು ತನಿಖೆಯ ಪೊಲೀಸ್ ಸಾಹೇಬರು ಮನೆಗೆ ಬಂದರು. ಅವರಿಗೂ ಚಹಾ ಕೊಟ್ಟು, ಹನುಮವ್ವ ಹರಕು ಹಿಂದಿಯಲ್ಲಿ ಎಲ್ಲವನ್ನೂ ಮೊದಲಿನಿಂದ ಹೇಳಿದಳು. ಸಾಹೇಬರು ಕಪ್ಪನ್ನು ಕೆಳಗಿಟ್ಟರು.

"ಯೇ ತೋ ಬಯಾನ್ ಮೇ ನಹೀಂ ಹೈ. ಬಯಾನ್ ಮೇ ಚಪ್ಪಲ್ ಹೈ." ಹೇಳಿಕೆಯಲ್ಲಿ ಇದಿಲ್ಲ, ಅಲ್ಲಿರುವುದು ಚಪ್ಪಲಿ.

"ಅದು ಚಪ್ಪಲ್ ಕಾ ಬಾತ್ ಬಾದ್ ಮೇ ಸಾಹೇಬ್. ಪಹಿಲೇ ಸಂದೀಪ್, ಫಿರ್ ಚಪ್ಪಲ್," ಎಂದು ಮೊದಲು ಹೆಸರು, ಆಮೇಲೆ ಚಪ್ಪಲಿ ಮಾಡಿಬಿಟ್ಟಳು ಹನುಮವ್ವ, ಸ್ವಲ್ಪವೂ ತಡವರಿಸದೆ.

ಸಾಹೇಬರು ಚಂದ್ರವ್ವನ ಮುಖ ನೋಡಿದರು. ಸಾಯುವವನು ಹೊಡೆದವನ ಹೆಸರು ಹೇಳಿದ್ದರೆ ಕೇಸು ಗಟ್ಟಿಯಾಗುತ್ತದೆ, ಕೋರ್ಟಿನಲ್ಲಿ ಹೇಳುವುದು ಅವಳ ಮನಸ್ಸಿಗೆ ಬಿಟ್ಟದ್ದು ಎಂದು ಹೇಳಿ ಹೋದರು. ಕೇಸು ಅಷ್ಟೇನೂ ಗಟ್ಟಿಯಾಗಿರಲಿಲ್ಲ. ಜಗಳ ನೋಡಿದ ಹಮಾಲಿಗಳಿಬ್ಬರಲ್ಲಿ ಒಬ್ಬ ಊರಿಗೆ ಹೋಗಿ ಬರಲೇ ಇಲ್ಲ. ಇನ್ನೊಬ್ಬ ಆಮೇಲೆ ಕೋರ್ಟಿನಲ್ಲಿ ನಿಂತು, ತಾನು ಆಗ ಕೋಸುಗಡ್ಡೆ ಎಣಿಸುತ್ತಿದ್ದೆ, ತಲೆ ಎತ್ತಲೇ ಇಲ್ಲ ಎಂದುಬಿಟ್ಟ. ಸಂದೀಪನ ಕಡೆಯವರ ವಾದ: ದಾನಪ್ಪನೇ ಮೊದಲು ಹೊಡೆದ, ಬಿದ್ದ, ತಲೆ ಬಡಿಯಿತು. ಹಾಗಾಗಿ ಎಲ್ಲವೂ ಚಂದ್ರವ್ವನ ಬಾಯಿಯ ಮೇಲೆ ಬಂದು ನಿಂತಿತು.

ಇಷ್ಟರಲ್ಲಿ ಚಂದ್ರವ್ವ ಏನು ಮಾಡುತ್ತಿದ್ದಳೆಂದರೆ, ರೊಟ್ಟಿ. ದಾನಪ್ಪ ಇರುವಾಗಲೂ ಸಯನ್, ಮಾಟುಂಗಾದ ನಮ್ಮ ಮನೆಗಳಿಗೆಲ್ಲ ಜೋಳದ ಖಡಕ್ ರೊಟ್ಟಿ ಮಾಡಿಕೊಡುತ್ತಿದ್ದವಳು ಅವಳು. ಹನ್ನೊಂದನೆಯ ದಿನದ ಕಾರ್ಯ ಮುಗಿದ ಮರುದಿನವೇ ಮತ್ತೆ ಹಂಚು ಇಟ್ಟಳು. ಮಾತಾಡಿಸಲು ಬಂದವರಿಗೆ ಒಳಗಿನಿಂದ ಪಟಪಟ ಸಪ್ಪಳ ಕೇಳಿ ಮುಖ ಕಪ್ಪಿಟ್ಟಿತು. "ಇಷ್ಟ ಲಗೂನ ಕೈ ಆಡ್ತಾವ ನೋಡವ್ವಾ" ಎಂದು ಒಬ್ಬಳು ಅಂದಳು. ಹಾಗೆ ಅಂದವಳೇ ಹೋಗುವಾಗ ಇಪ್ಪತ್ತೈದು ರೊಟ್ಟಿ ಕಟ್ಟಿಸಿಕೊಂಡು ಹೋದಳು. ಅಳುತ್ತಾ ಬಿದ್ದಿದ್ದರೆ, "ಹೀಂಗ ಬಿದ್ರ ಮಗಳ ಗತಿ ಏನು?" ಎನ್ನುತ್ತಿದ್ದರು. ಗಂಡ ಕೊಲೆಯಾದ ಹೆಂಗಸು ಎಷ್ಟು ಅಳಬೇಕೆಂಬುದಕ್ಕೆ ಸರಿಯಾದ ತೂಕ ನಮ್ಮಲ್ಲಿ ಯಾರ ಹತ್ತಿರವೂ ಇಲ್ಲ. ಎಲ್ಲರ ತಕ್ಕಡಿಯೂ ತಮ್ಮ ಕಡೆಗೇ ವಾಲಿರುತ್ತದೆ. ರಿಪೇರಿ ಮಾಡುವವನೂ ಹೋಗಿದ್ದ.

ಎರಡೂವರೆ ವರ್ಷದ ಮೇಲೆ ಚಂದ್ರವ್ವನಿಗೆ ಸಾಕ್ಷಿ ಹೇಳಲು ಸಮನ್ಸ್ ಬಂತು. ಕೋರ್ಟಿನ ದಿನದ ಹಿಂದಿನ ಭಾನುವಾರ ಮನೆಯಲ್ಲಿ ತಯಾರಿ ನಡೆಯಿತು. ಶೆಟ್ಟೆಪ್ಪನವರು ಜಡ್ಜ್ ಆದರು. ಆ ಪಾತ್ರಕ್ಕೆ ಅವರು ಯಾರನ್ನೂ ಕೇಳಲಿಲ್ಲ. ಹನುಮವ್ವ ವಕೀಲೆ, ಸಾಕ್ಷಿ, ಪ್ರೇಕ್ಷಕಿ ಎಲ್ಲವೂ.

"ಕೈ ಹಿಡದಾ ಅನ್ನು. ಯಾವ ಕೈ ಅಂತ ಕೇಳಿದ್ರ ಬಲಗೈ ಅನ್ನು," ಎಂದಳು ಹನುಮವ್ವ.

"ಅವರ ಬಲಗೈಗೆ ಸಲೈನ್ ಹಚ್ಚಿದ್ರವ್ವಾ."

"ಹಂಗಾರ ಎಡಗೈ. ಆದ್ರ ಎಡಗೈ ಚಲೋ ಅಲ್ಲ, ಶೆಟ್ಟೆಪ್ಪಾ, ಏನಂತಿ?"

ಶೆಟ್ಟೆಪ್ಪನವರು ಎಡಗೈಯೂ ಕಾನೂನಿನಲ್ಲಿ ನಡೆಯುತ್ತದೆ ಎಂದು ತೀರ್ಪು ಕೊಟ್ಟರು. ಚಂದ್ರವ್ವ ಎದ್ದು ಒಳಗೆ ಹೋದಳು. ನಾನು ಹಿಂದೆ ಹೋದೆ. ಹಂಚಿನ ಮುಂದೆ ಹಿಟ್ಟು ಹಚ್ಚಿದ ಕೈ ಹಿಡಿದುಕೊಂಡು ನಿಂತಿದ್ದಳು.

"ಅಣ್ಣಾರ, ಒಂದ ಮಾತ ಕೇಳ್ತೀನಿ, ಖರೇ ಹೇಳ್ರಿ. ಅವರು ಏನಂದಿದ್ರು?"

"ಅಲ್ಲವ್ವಾ, ನೀನ ಅಲ್ಲಿ ಇದ್ದಾಕಿ..."

"ಇದ್ದೆ. ಆದ್ರ ಇಷ್ಟ ಮಂದಿ ಇಷ್ಟ ಸಲ ಹೇಳ್ಯಾರ, ಈಗ ಕಣ್ಣ ಮುಚ್ಚಿದ್ರ ಅವರು ನನ್ನ ಕೈ ಹಿಡದಂಗ ಕಾಣಸ್ತೈತಿ. ಸಂದೀಪ ಅಂದಂಗ ಕೇಳಸ್ತೈತಿ. ಸಭಾದಾಗ ನೀವು ಹೇಳಿದ್ರೆಲ್ಲಾ, ಅವತ್ತಿಂದ. ನನಗ ಅವರ ದನೀನ ನೆನಪಿಗಿ ಬರವಲ್ದು, ನಿಮ್ಮ ದನಿ ಬರತೈತಿ. ಆಸ್ಪತ್ರ್ಯಾಗ ನಾ ಮೊದಲ ಹೇಳಿದ್ದು ನಿಮಗ. ನಾ ಏನ ಹೇಳಿದ್ದೆ?"

ಮೂವತ್ತು ವರ್ಷದ ಗೆಳೆಯನ ಕೊನೆಯ ಮಾತನ್ನು ಅವನ ಹೆಂಡತಿಯ ಕಿವಿಯಿಂದ ನಾನು ಕದ್ದಿದ್ದೆ. ಒಂದು ಅಪ್ಪುಗೆಗಾಗಿ, ಅದೂ ಶೆಟ್ಟೆಪ್ಪನವರದು.

"ಚಪ್ಪಲಿ," ಎಂದೆ. "ಚಪ್ಪಲಿ ಅಲ್ಲೇ ಬಿಟ್ಟ ಬಂದೀನಿ, ಹೊಸಾವ. ಇಷ್ಟ. ಉಳಿದದ್ದೆಲ್ಲಾ ನಾವು ಹಚ್ಚಿದ್ದವ್ವಾ. ಸಂದೀಪನ ಹೆಸರು ಹಚ್ಚಿದಾಂವ ನಾ."

ಅವಳು ನನ್ನನ್ನು ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು. "ಹೌದ್ರಿ. ಚಪ್ಪಲಿ," ಎಂದಳು. ಹಿಟ್ಟಿನ ಉಂಡೆಯನ್ನು ಕೈಗೆ ತೆಗೆದುಕೊಂಡು ಬಡಿಯತೊಡಗಿದಳು. ಹೊರಗಿನಿಂದ ಹನುಮವ್ವ, "ಏ ಚಂದ್ರಿ, ಕೋರ್ಟಿಗಿ ಹೋಗೂ ಮುಂದ ಬಿಳೀ ಸೀರಿ ಉಡು, ಹಸರ ಬ್ಯಾಡ" ಎಂದು ಕೂಗುತ್ತಿದ್ದಳು.

ಕೋರ್ಟಿನ ದಿನ ನಾನು, ರೂಪಾಲಿ, ಹನುಮವ್ವ, ಶೆಟ್ಟೆಪ್ಪ ನಾಲ್ವರೂ ಹಿಂದಿನ ಬೆಂಚಿನಲ್ಲಿ ಕೂತೆವು. ಚಂದ್ರವ್ವ ಹಸಿರು ಸೀರೆಯನ್ನೇ ಉಟ್ಟು ಬಂದಿದ್ದಳು. ಸಂದೀಪ ಆರೋಪಿಯ ಕಟಕಟೆಯಲ್ಲಿ ನಿಂತಿದ್ದ, ಜೈಲಿನಲ್ಲಿ ಬಡವಾಗಿದ್ದ, ಕೂದಲು ಬೆಳ್ಳಗಾಗಿತ್ತು. ಅವನನ್ನು ನೋಡಬಾರದೆಂದುಕೊಂಡು ಅವನನ್ನೇ ನೋಡುತ್ತಿದ್ದೆ.

ಸರ್ಕಾರಿ ವಕೀಲರು ಕೇಳಿದರು, ಅವಳು ಹಿಂದಿಯಲ್ಲಿ ಹೇಳಿದಳು. ಟ್ಯಾಕ್ಸಿ, ಆಸ್ಪತ್ರೆ, ಹಾಸಿಗೆ. ಪತಿ ಏನು ಹೇಳಿದರು?

"ಚಪ್ಪಲ್ ಉಧರೀಚ್ ರಹ ಗಯಾ, ನಯಾ ಹೈ. ಐಸಾ ಬೋಲೇ."

ಬೇರೆ ಏನಾದರೂ? ಯಾರದಾದರೂ ಹೆಸರು?

"ನಹೀಂ ಸಾಹೇಬ."

ಪಕ್ಕದಲ್ಲಿ ಹನುಮವ್ವ, "ಅಯ್ಯೋ ಇಕಿ ಬಾಯಿಗಿಷ್ಟ ಮಣ್ಣ ಹಾಕಾ" ಎಂದು ಎದೆಗೆ ಕೈ ಬಡಿದುಕೊಂಡಳು. ಪೊಲೀಸಿನವನು ಬಂದು ಸುಮ್ಮನಿರಲು ಹೇಳಿದ. ಶೆಟ್ಟೆಪ್ಪನವರು ಕಣ್ಣು ಮುಚ್ಚಿಕೊಂಡರು. ಕಟಕಟೆಯಲ್ಲಿ ಸಂದೀಪನ ತಲೆ ತಗ್ಗಿತು. ಹೆಸರು ಹೇಳಲಿಲ್ಲವೆಂಬ ನಿರಾಳಕ್ಕೆ ಎಂದು ಮೊದಲು ತಿಳಿದೆ. ಆದರೆ ಅವನು ತಲೆ ತಗ್ಗಿಸಿದ್ದು ಚಪ್ಪಲಿಯ ಮಾತಿಗೆ. ಆ ಕೋಣೆಯಲ್ಲಿ ಅಪ್ಪಟ ದಾನಪ್ಪನ ಮಾತನ್ನು ಕೇಳಿದ ಕೂಡಲೇ ಗುರುತಿಸಬಲ್ಲವರು ನಾಲ್ಕೇ ಮಂದಿ: ಹೆಂಡತಿ, ಮಗಳು, ನಾನು, ಇನ್ನೊಬ್ಬ. ಆ ಇನ್ನೊಬ್ಬ ಅವನನ್ನು ಕೊಂದವನು. ಇದನ್ನು ಯಾವ ಬಯಾನಿನಲ್ಲೂ ಬರೆಯಲು ಬರುವುದಿಲ್ಲ.

ಆಮೇಲೆ ಸಂದೀಪನ ಕಡೆಯ ವಕೀಲೆ ಎದ್ದಳು. ಚಿಕ್ಕ ವಯಸ್ಸಿನ ಹುಡುಗಿ, ಮೆತ್ತಗಿನ ದನಿ. ಚಂದ್ರವ್ವನ ಮಾತು ತನಗೆ ಅನುಕೂಲವಾಗಿದೆಯೆಂದು ಅವಳಿಗೆ ಗೊತ್ತಿತ್ತು, ಅದನ್ನು ಇನ್ನಷ್ಟು ಬಿಗಿ ಮಾಡಲು ಹೊರಟಳು.

"ಯಾರು ಹೊಡೆದರೆಂದು ನೀವು ಅವರನ್ನು ಕೇಳಲಿಲ್ಲವೇ?" ಎಂದು ಹಿಂದಿಯಲ್ಲಿ ಕೇಳಿದಳು.

"ನಹೀಂ."

"ಗಂಡ ಹಾಗೆ ಬಿದ್ದಿದ್ದಾನೆ, ಕೇಳಲಿಲ್ಲ. ಹಾಗಾದರೆ ನೀವು ಏನು ಹೇಳಿದಿರಿ?"

ಚಂದ್ರವ್ವ ಅವಳ ಮುಖವನ್ನೇ ನೋಡುತ್ತಾ ನಿಂತಳು. ನನಗೂ ಆಗಲೇ ಹೊಳೆದದ್ದು. ಇನ್ನೂರು ಮಂದಿ ಆ ಮನೆಗೆ ಬಂದಿದ್ದರು. ಅವನು ಏನೆಂದ, ಹೇಗೆಂದ, ಯಾವ ಕೈ ಹಿಡಿದ ಎಂದು ಎಲ್ಲರೂ ಕೇಳಿದ್ದರು. ನೀನು ಏನೆಂದೆ ಎಂದು ಒಬ್ಬರೂ ಕೇಳಿರಲಿಲ್ಲ. ನಾನೂ ಕೇಳಿರಲಿಲ್ಲ. ಮೊದಲ ಸಲ ಕೇಳಿದವಳು ಕೊಂದವನ ವಕೀಲೆ.

"ಮೈ ಬೋಲೀ," ಎಂದಳು ಚಂದ್ರವ್ವ, "ಮರನೇ ಕೋ ಪಡೇ ಹೈ ಔರ್ ಚಪ್ಪಲ್ ಕೀ ಪಡೀ ಹೈ. ಮುಹ್ ಬಂದ್ ಕರ್‌ಕೇ ಪಡೇ ರಹೋ." ಸಾಯಲು ಬಿದ್ದೀರಿ, ಚಪ್ಪಲಿಯ ಚಿಂತೆ ನಿಮಗೆ; ಬಾಯಿ ಮುಚ್ಚಿಕೊಂಡು ಬಿದ್ದಿರಿ.

ಕೋರ್ಟಿನಲ್ಲಿ ಯಾರೋ ಒಬ್ಬ ಗುಮಾಸ್ತ ಫಕ್ಕನೆ ನಕ್ಕು, ಕೆಮ್ಮಿದಂತೆ ಮಾಡಿದ. ಚಂದ್ರವ್ವ ಕಟಕಟೆಯ ಕಂಬಿ ಹಿಡಿದುಕೊಂಡಳು. "ಫಿರ್ ವೋ ಪಡೇ ರಹೇ," ಎಂದಳು. "ಮೇರೀ ಬಾತ್ ಪಹಿಲೀ ಬಾರ್ ಮಾನೀ." ಹಾಗೇ ಬಿದ್ದಿದ್ದರು, ನನ್ನ ಮಾತನ್ನು ಮೊದಲ ಸಲ ಕೇಳಿದರು.

ವಕೀಲೆ ಕೈಯಲ್ಲಿದ್ದ ಕಾಗದ ತಿರುವಿ ಹಾಕಿ ಕೂತಳು.

ಹೇಳಿದ್ದನ್ನೆಲ್ಲ ಜಡ್ಜ್ ಸಾಹೇಬರು ಮರಾಠಿಯಲ್ಲಿ ಬರೆಸಿದ್ದರು. ಅದನ್ನು ಸಾಕ್ಷಿಗೆ ಓದಿ ಹೇಳುವುದು ನಿಯಮ. ಗುಮಾಸ್ತ ಯಾವ ಏರಿಳಿತವೂ ಇಲ್ಲದೆ ಓದುತ್ತಾ ಹೋದ. ಚಪ್ಪಲಿ ಬಂತು, ಸರಿಯಾಗಿಯೇ ಬಂತು. ಆಮೇಲೆ: "ಮೀ ಪತೀಲಾ ವಿಶ್ರಾಂತೀ ಘೇಣ್ಯಾಸ ಸಾಂಗಿತಲೇ." ಪತಿಗೆ ವಿಶ್ರಾಂತಿ ತೆಗೆದುಕೊಳ್ಳಲು ಹೇಳಿದೆ.

"ಸಾಹೇಬ," ಎಂದಳು ಚಂದ್ರವ್ವ. "ಮೈ ವಿಶ್ರಾಂತಿ ನಹೀಂ ಬೋಲೀ."

ಗುಮಾಸ್ತ ನಿಲ್ಲಿಸಿದ. ಜಡ್ಜ್ ಕನ್ನಡಕದ ಮೇಲಿನಿಂದ ನೋಡಿದರು. ಅರ್ಥ ಅದೇ, ಕೋರ್ಟಿನ ಭಾಷೆಯಲ್ಲಿ ಹಾಗೆ ಬರೆಯುತ್ತಾರೆ, ಅದರಿಂದ ಅವಳಿಗೆ ಏನೂ ತೊಂದರೆಯಿಲ್ಲ ಎಂದು ಸರ್ಕಾರಿ ವಕೀಲರು ಮೆಲ್ಲಗೆ ತಿಳಿಸಿ ಹೇಳಿದರು. ಹಿಂದಿನಿಂದ ಶೆಟ್ಟೆಪ್ಪನವರು, "ಇರ್ಲಿ ಬಿಡವ್ವಾ, ವಿಶ್ರಾಂತಿ ಚಲೋ ಶಬ್ದ" ಎಂದು ಪಿಸುಗುಟ್ಟಿದರು.

"ನಕೋ," ಎಂದಳು. "ಅಸಲ್ ಮೇ ಜೋ ಬೋಲೀ ವೋ ಲಿಖೋ. ತೋಂಡ್ ಬಂದ್ ಕರೂನ್ ಪಡಾ." ನಿಜವಾಗಿ ಹೇಳಿದ್ದನ್ನೇ ಬರೆಯಿರಿ: ಬಾಯಿ ಮುಚ್ಚಿಕೊಂಡು ಬಿದ್ದಿರಿ.

ಜಡ್ಜ್ ಗಡಿಯಾರ ನೋಡಿದರು. ಹೊರಗೆ ಇನ್ನೂ ಹನ್ನೆರಡು ಕೇಸು ಕಾಯುತ್ತಿದ್ದವು. "ಲಿಹಾ," ಎಂದರು ಗುಮಾಸ್ತನಿಗೆ. "ತ್ಯಾ ಬೋಲಲ್ಯಾ ತಸಂಚ್." ಅವರು ಹೇಳಿದ ಹಾಗೆಯೇ ಬರೆಯಿರಿ.

ಗುಮಾಸ್ತ ಅಳಿಸಿ ಮತ್ತೆ ಟೈಪು ಮಾಡಿದ, ಮತ್ತೆ ಓದಿದ. ಈ ಸಲ ಅವನ ದನಿಯಲ್ಲಿ ಸ್ವಲ್ಪ ಏರಿಳಿತವಿತ್ತು. ಆ ಮಾತನ್ನು ಏರಿಳಿತವಿಲ್ಲದೆ ಓದಲು ಬರುವುದಿಲ್ಲ. ಕೇಸಿನ ತೀರ್ಪು ಇನ್ನೂ ಬಂದಿಲ್ಲ, ಯಾವಾಗ ಬರುತ್ತದೋ ಯಾರಿಗೂ ಗೊತ್ತಿಲ್ಲ. ಹನುಮವ್ವ ಅಂದಿನಿಂದ ಆ ಮನೆಯ ಮೆಟ್ಟಿಲು ಹತ್ತಿಲ್ಲ. ಚಂದ್ರಿ ಗಂಡನನ್ನು ಎರಡನೆಯ ಸಲ ಕೊಂದಳು ಎಂದು ದಹಿಸರ್‌ನಲ್ಲಿ ಹೇಳಿಕೊಂಡು ತಿರುಗುತ್ತಾಳೆ. ಸಂದೀಪ ಬಿಡುಗಡೆಯಾಗಿ ಬಂದರೂ ಬರಬಹುದು. ಹೀಗೆಲ್ಲ ಆಗಬಹುದೆಂದು ಆಗಲೇ ಚಂದ್ರವ್ವನಿಗೂ ಗೊತ್ತಿತ್ತು. ಗುಮಾಸ್ತ ಓದಿ ಮುಗಿಸಿ ತಲೆ ಎತ್ತಿದಾಗ ಅವಳು ಕಂಬಿಯಿಂದ ಕೈ ತೆಗೆದು, ಸೆರಗು ಸರಿಪಡಿಸಿಕೊಂಡು, "ಹಾಂ. ಬರೋಬರ್" ಎಂದಳು.